ಕುಸಿಯುವ ಹೊಸ ಕಟ್ಟಡಗಳು: ಬ್ಲಿಕ್ಸಾ ಬಾರ್ಗೆಲ್ಡನ ಸಂಗೀತಚರಿತ್ರೆ

ವಾದ್ಯಗಳು ತತ, ಅವನದ್ಧ, ಘನ, ಸುಷಿರವೆಂದು ನಾಲ್ಕು ವಿಧವಾಗಿವೆಯೆಂಬುದು ಭರತಮುನಿಯ ನಾಟ್ಯಶಾಸ್ತ್ರದ ಕಾಲದಿಂದಲೂ ನಮ್ಮಲ್ಲಿ ನಡೆದುಬಂದಿರುವ ವಿಭಾಗವು. ತಂತಿಯುಳ್ಳದ್ದು ತತ, ಚರ್ಮದಿಂದ ಬಿಗಿದದ್ದು ಅವನದ್ಧ, ಊದಿ ನುಡಿಸುವುದು ಸುಷಿರ. ಇವು ಯಾವುವೂ ಇಲ್ಲದೆ ತನ್ನ ಗಟ್ಟಿಯಾದ ಮೈಯಿಂದಲೇ ನಾದವನ್ನು ಕೊಡತಕ್ಕುದು ಘನ. ತಾಳ, ಗಂಟೆ, ಜಾಗಟೆಗಳು ಈ ನಾಲ್ಕನೆಯ ಜಾತಿಗೆ ಸೇರಿದುವು. ೧೯ನೆಯ ಶತಮಾನದಲ್ಲಿ ವಂಗದೇಶದ ಸೌರೀಂದ್ರಮೋಹನ ಠಾಕೂರರು ಬೆಲ್ಜಿಯಂ ದೇಶದ ಅರಸನಿಗೆ ಭಾರತೀಯ ವಾದ್ಯಗಳ ದೊಡ್ಡ ಸಂಗ್ರಹವೊಂದನ್ನು ಕಾಣಿಕೆಯಾಗಿ ಕಳುಹಿಸಿದರು. ಬ್ರಸೆಲ್ಸ್ ನಗರದ ವಾದ್ಯಸಂಗ್ರಹಾಲಯದ ಅಧ್ಯಕ್ಷನಾದ ಮಾಹಿಯೋಂ ಎಂಬಾತನು ನಮ್ಮ ಈ ಚತುರ್ವಿಧ ವಿಭಾಗವನ್ನು ಮೆಚ್ಚಿ ತನ್ನ ಸೂಚಿಗ್ರಂಥಕ್ಕೆ ಅದನ್ನೇ ತಳಹದಿಯಾಗಿ ಮಾಡಿಕೊಂಡನು. ಅದನ್ನೇ ತಿದ್ದಿ ಬೆಳೆಯಿಸಿ ಹಾರ್ನ್‌ಬಾಸ್ಟೆಲ್ ಮತ್ತು ಸಾಕ್ಸ್ ಎಂಬ ಇಬ್ಬರು ವಿದ್ವಾಂಸರು ೧೯೧೪ರಲ್ಲಿ ಬರ್ಲಿನ್ ನಗರದಿಂದ ಪ್ರಕಟಿಸಿದ ವಾದ್ಯವರ್ಗೀಕರಣವು ಇಂದಿಗೂ ಜಗತ್ತಿನ ಸಂಗ್ರಹಾಲಯಗಳಲ್ಲಿ ಪ್ರಮಾಣವಾಗಿದೆ.

ಅದೇ ಬರ್ಲಿನ್ನಿನಲ್ಲಿ, ಅದಾದ ಅರುವತ್ತಾರು ವರ್ಷಗಳ ಮೇಲೆ, ಕೆಲವರು ತರುಣರು ಘನವಾದ್ಯವೆಂಬ ಮಾತಿಗೆ ಯಾವ ಶಾಸ್ತ್ರಕಾರನೂ ಎಣಿಸದಿದ್ದ ಅರ್ಥವನ್ನು ಕೊಟ್ಟರು. ಕಬ್ಬಿಣದ ತಗಡು, ಉಕ್ಕಿನ ಸ್ಪ್ರಿಂಗು, ಎಣ್ಣೆಯ ಪೀಪಾಯಿ, ಸುತ್ತಿಗೆ, ಕಲ್ಲು ಕೊರೆಯುವ ಯಂತ್ರ, ಇವುಗಳನ್ನು ರಂಗದ ಮೇಲೆ ತಂದಿಟ್ಟುಕೊಂಡು ಇದೇ ನಮ್ಮ ಸಂಗೀತವೆಂದರು. ಅವರ ನಾಯಕನಾದ ಬ್ಲಿಕ್ಸಾ ಬಾರ್ಗೆಲ್ಡನ ಚರಿತ್ರೆಯನ್ನು ಇಲ್ಲಿ ಸಂಗ್ರಹವಾಗಿ ಬರೆಯಲುದ್ಯುಕ್ತನಾಗಿದ್ದೇನೆ. ವೀಣೆ ಪಿಟೀಲುಗಳ ಇಂಪಿಗೆ ಒಗ್ಗಿದ ವಾಚಕರು ಈ ಗದ್ದಲದ ಗೊಡವೆ ನಮಗೇಕೆಂದು ಹುಬ್ಬುಗಂಟಿಕ್ಕಬಹುದು. ಈ ಗದ್ದಲವನ್ನು ಮೆಚ್ಚಿರೆಂದು ನಾನು ಯಾರನ್ನೂ ಬೇಡುವುದಿಲ್ಲ. ಆದರೆ ಒಂದು ನಗರವು ತಾನು ಕಟ್ಟಿದ್ದನ್ನೂ ಕೆಡವಿದ್ದನ್ನೂ ಹೇಗೆ ನೆನಪಿಟ್ಟುಕೊಂಡಿತೆಂಬುದು ಇತಿಹಾಸದ ವಿಷಯ. ಆ ನೆನಪಿನ ಒಂದು ಭಾಗವು ಈತನ ಕಂಠದಲ್ಲಿಯೂ ಈತನ ಸಂಗಡಿಗರ ತಗಡುಗಳಲ್ಲಿಯೂ ಉಳಿದಿದೆ.

ಮೊದಲು ಆ ನಗರದ ಸ್ಥಿತಿಯನ್ನು ತಿಳಿಯಬೇಕು. ೧೯೪೫ರಲ್ಲಿ ಯುದ್ಧವು ಮುಗಿದಾಗ ಬರ್ಲಿನ್ ನಗರವು ಇಟ್ಟಿಗೆಯ ರಾಶಿಯಾಗಿದ್ದಿತು. ಹೆಂಗಸರು ಸಾಲುಗಟ್ಟಿ ನಿಂತು ಕೈಯಿಂದ ಕೈಗೆ ಬಕೀಟುಗಳನ್ನು ದಾಟಿಸುತ್ತ ಆ ಇಟ್ಟಿಗೆಗಳನ್ನು ತೆರವುಮಾಡಿದರು. ಹಾಗೆ ಸಾಗಿಸಿದ ಭಗ್ನಾವಶೇಷಗಳನ್ನು ಒಟ್ಟಿದ್ದರಿಂದ ನಗರದ ಪಶ್ಚಿಮಕ್ಕೆ ಒಂದು ಗುಡ್ಡವೇ ಎದ್ದಿತು. ಟಾಯ್‌ಫೆಲ್ಸ್‌ಬೆರ್ಗ್, ಎಂದರೆ ದೆವ್ವದ ಬೆಟ್ಟ, ಎಂದು ಅದರ ಹೆಸರು. ಯುದ್ಧಕ್ಕೆ ಮುಂಚಿನ ಮನೆಗಳಿಗೆ ಅಲ್ಲಿಯ ಜನರು 'ಆಲ್ಟ್‌ಬೌ' ಎಂದೂ, ಆಮೇಲೆ ತರಾತುರಿಯಿಂದ ಎಬ್ಬಿಸಿದ ಕಾಂಕ್ರೀಟಿನ ಮನೆಗಳಿಗೆ 'ನೊಯ್‌ಬೌ' ಎಂದೂ ಹೇಳುವರು. ಹಳೆಯ ಮನೆ, ಹೊಸ ಮನೆ ಎಂದಷ್ಟೇ ಇವುಗಳ ಅರ್ಥವಾದರೂ ಬರ್ಲಿನ್ನಿನವರ ಬಾಯಲ್ಲಿ ಯುದ್ಧಪೂರ್ವದ ಬಾಳು, ಯುದ್ಧೋತ್ತರದ ಬಾಳು ಎಂಬ ಧ್ವನಿಯೂ ಆ ಶಬ್ದಗಳಿಗೆ ಉಂಟು. ೧೯೬೧ನೆಯ ಆಗಸ್ಟ್ ೧೩ರಂದು ನಗರದ ನಡುವೆ ಗೋಡೆಯೆದ್ದ ಮೇಲೆ ಪಶ್ಚಿಮ ಬರ್ಲಿನ್ ಪೂರ್ವ ಜರ್ಮನಿಯ ನಡುವೆ ಒಂದು ದ್ವೀಪವಾಗಿಬಿಟ್ಟಿತು. ಅಲ್ಲಿಯ ನಿವಾಸಿಗಳಿಗೆ ಕಡ್ಡಾಯದ ಸೈನಿಕಸೇವೆಯಿಂದ ವಿನಾಯತಿಯಿದ್ದುದರಿಂದ ಪಶ್ಚಿಮ ಜರ್ಮನಿಯ ಎಷ್ಟೋ ಮಂದಿ ತರುಣರು, ಅದರಲ್ಲಿಯೂ ಸೇನೆಯನ್ನು ಒಲ್ಲದವರು, ಚಿತ್ರಕಾರರು, ಗಾಯಕರು, ಅಲ್ಲಿಗೆ ಬಂದು ಸೇರಿದರು. ಖಾಲಿ ಬಿದ್ದ ಹಳೆಯ ಮನೆಗಳಿಗೆ ಹೇಳದೆ ಕೇಳದೆ ಹೊಕ್ಕು ನೆಲೆಸುವುದು ೧೯೮೦ರ ಸುಮಾರಿನಲ್ಲಿ ಅವರಿಗೆ ಒಂದು ವ್ರತವೇ ಆಗಿದ್ದಿತು.

ನಮ್ಮ ಚರಿತ್ರನಾಯಕನು ಈ ಪಶ್ಚಿಮ ಬರ್ಲಿನ್ನಿನಲ್ಲಿಯೇ ೧೯೫೯ನೆಯ ಜನವರಿ ೧೨ರಂದು ಹುಟ್ಟಿದನು. ತಂದೆತಾಯಿಗಳಿಟ್ಟ ಹೆಸರು ಕ್ರಿಸ್ತಿಯಾನ್ ಎಮ್ಮೆರಿಖ್. ಬ್ಲಿಕ್ಸಾ ಬಾರ್ಗೆಲ್ಡ್ ಎಂಬುದು ಆತನು ತಾನಾಗಿ ಧರಿಸಿದ ಹೆಸರು. ಇದರಲ್ಲಿ 'ಬ್ಲಿಕ್ಸಾ' ಎಂಬುದು ಒಂದು ಜಾತಿಯ ಬರೆಯುವ ಲೇಖನಿಯ ವ್ಯಾಪಾರಮುದ್ರೆ. 'ಬಾರ್ಗೆಲ್ಡ್' ಎಂದರೆ ಜರ್ಮನ್ ಭಾಷೆಯಲ್ಲಿ ನಗದು ರೊಕ್ಕ. ಮೊದಲನೆಯ ಮಹಾಯುದ್ಧದ ತರುವಾಯ ಕೊಲೋನ್ ನಗರದಲ್ಲಿ ದಾದಾಪಂಥದ ಕಲಾವಿದನೊಬ್ಬನು ಬಾರ್ಗೆಲ್ಡ್ ಎಂಬ ಹೆಸರಿಟ್ಟುಕೊಂಡಿದ್ದನು. ಆತನ ಸ್ಮರಣೆಯೂ ಇದರಲ್ಲಿ ಅಡಗಿದೆ. ಆತನ ಜತೆಯವನಾದ ಆಂಡ್ರೂ ಚೂಡಿಯು 'ಉನ್ರೂಹ್' ಎಂದು ಕರೆದುಕೊಂಡನು; ಅಶಾಂತಿಯೆಂದು ಅದರ ಅರ್ಥ. ಮುಂದೆ ಸೇರಿದ ಮತ್ತೊಬ್ಬನು 'ಐನ್‌ಹೈಟ್', ಎಂದರೆ ಐಕ್ಯ. ರೊಕ್ಕ, ಅಶಾಂತಿ, ಐಕ್ಯ ಇವು ಮೂರೂ ಕೂಡಿ ಒಂದು ಮೇಳ ಕಟ್ಟಿದುವೆಂದರೆ ಯಾವುದೋ ನೀತಿನಾಟಕದ ಪಾತ್ರವರ್ಗವನ್ನು ಓದಿದಂತಾಗುತ್ತದೆ. ಮುದ್ದಣನಂತಹವರ ಹೆಸರಿಗೆ ಮನಸೋತ ನಾವು ಪರರ ಅಂಕಿತನಾಮಗಳನ್ನು ಕಂಡು ನಗಬೇಕಾಗಿಲ್ಲ.

೧೯೭೬-೭೭ರ ಸುಮಾರಿಗೆ ಇಂಗ್ಲೆಂಡಿನಲ್ಲಿ ಪಂಕ್ ಎಂಬ ಸಂಗೀತವು ತಲೆಯೆತ್ತಿದ್ದಿತು. ರಾಕ್ ಸಂಗೀತವು ಧನಿಕರ ವೈಭವವಾಗಿ ಹೋಯಿತೆಂದು ಮುನಿದ ತರುಣರು ಮೂರು ಸ್ವರಮೇಳಗಳನ್ನು ಕಲಿತೊಡನೆ ರಂಗವೇರಬಹುದೆಂದು ಸಾರಿದ ಪಂಥವದು. ಅದರ ಕಾವು ಇಳಿದ ಬಳಿಕ, ಆ ಮೂರು ಸ್ವರಮೇಳಗಳಾದರೂ ಏಕೆ ಬೇಕೆಂದು ಕೇಳಿದವರು ಬಂದರು. ಪಂಕೋತ್ತರರೆಂದು ಅವರನ್ನು ಕರೆಯಬಹುದು. ಬಾರ್ಗೆಲ್ಡನು ಇವರ ಪೈಕಿ ಒಬ್ಬನು. ೧೯೮೦ನೆಯ ಏಪ್ರಿಲ್ ೧ರಂದು ಪಶ್ಚಿಮ ಬರ್ಲಿನ್ನಿನ 'ಮೂನ್' ಎಂಬ ಕ್ಲಬ್ಬಿನಲ್ಲಿ ಆತನೂ, ಉನ್ರೂಹನೂ, ಗುಡ್ರುನ್ ಗುಟ್ ಮತ್ತು ಬೆಯಾಟೆ ಬಾರ್ಟೆಲ್ ಎಂಬ ಇಬ್ಬರು ಯುವತಿಯರೂ ಕೂಡಿ ಮೊದಲ ಕಚೇರಿಯನ್ನು ನಡೆಯಿಸಿದರು. ಮೇಳಕ್ಕೆ 'ಐನ್‌ಷ್ಟ್ಯೂರ್ತ್ಸೆಂಡೆ ನೊಯ್‌ಬೌಟೆನ್' ಎಂದು ಹೆಸರಾಯಿತು. ಕುಸಿಯುತ್ತಿರುವ ಹೊಸ ಕಟ್ಟಡಗಳು ಎಂದು ಅರ್ಥ. ಮೇಲೆ ಹೇಳಿದ 'ನೊಯ್‌ಬೌ' ಶಬ್ದದ ಧ್ವನಿಯನ್ನು ಬಲ್ಲವರಿಗೆ ಈ ಹೆಸರಿನ ಕುಟುಕು ತಾನಾಗಿ ತಿಳಿಯುವುದು.

ವಿಧಿಯ ವಿನೋದವೋ ಏನೋ, ಎರಡು ತಿಂಗಳು ತುಂಬುವುದರೊಳಗಾಗಿ ಆ ಹೆಸರು ಅಕ್ಷರಶಃ ನಿಜವಾಯಿತು. ೧೯೫೭ರಲ್ಲಿ ಹ್ಯೂ ಸ್ಟಬಿನ್ಸ್ ಎಂಬ ಅಮೆರಿಕದ ಶಿಲ್ಪಿಯ ಯೋಜನೆಯಂತೆ ಕಟ್ಟಲ್ಪಟ್ಟು ಅಮೆರಿಕದವರ ಕಾಣಿಕೆಯೆಂದು ಪ್ರಸಿದ್ಧವಾಗಿದ್ದ ಕೊಂಗ್ರೆಸ್‌ಹಾಲೆ ಎಂಬ ಸಭಾಭವನದ ಛಾವಣಿಯ ಒಂದು ಭಾಗವು ೧೯೮೦ನೆಯ ಮೇ ೨೧ರಂದು ಕುಸಿದುಬಿದ್ದಿತು. ಒಬ್ಬನು ಸತ್ತನು, ಕೆಲವರಿಗೆ ಗಾಯಗಳಾದುವು. ಕಾಂಕ್ರೀಟಿನೊಳಗೆ ಛಾವಣಿಯನ್ನು ಎಳೆದು ಹಿಡಿದಿದ್ದ ಉಕ್ಕಿನ ಸರಳುಗಳು ತುಕ್ಕು ತಿಂದು ಹೋಗಿದ್ದುವು. ಹೊರಗೆ ಎಲ್ಲವೂ ಬಿಳುಪು, ಒಳಗೆ ತುಕ್ಕು. ಮೇಳದವರು ಇದನ್ನು ಮುಂಚಿತವಾಗಿ ತಿಳಿದಿದ್ದವರೇನೂ ಅಲ್ಲ. ಆದರೂ ಅವರ ಹೆಸರನ್ನು ಕೇಳಿದವರಿಗೆಲ್ಲ ಆ ದುರಂತವು ನೆನಪಿಗೆ ಬರತೊಡಗಿತು.

ಲೋಹಗಳನ್ನು ಬಡಿಯುವ ಪದ್ಧತಿಯು ಯಾವುದೋ ಗಹನವಾದ ಸಿದ್ಧಾಂತದಿಂದ ಹುಟ್ಟಿತೆಂದು ಭಾವಿಸುವ ವಿಮರ್ಶಕರುಂಟು. ನನಗೆ ಹಾಗೆ ತೋರುವುದಿಲ್ಲ. ಉನ್ರೂಹನು ಕಾಸಿಲ್ಲದೆ ತನ್ನ ಡ್ರಮ್ಮುಗಳನ್ನು ಮಾರಿಕೊಂಡನು. ಬಡಿಯುವುದಕ್ಕೆ ಏನಾದರೂ ಬೇಕಷ್ಟೆ. ಕಟ್ಟಡ ಕಟ್ಟುವ ಸ್ಥಳಗಳಲ್ಲಿಯೂ ಗುಜರಿಯಲ್ಲಿಯೂ ಸಿಕ್ಕ ಕಬ್ಬಿಣವನ್ನು ಆಯ್ದು ತಂದನು. ದಾರಿದ್ರ್ಯವು ಮೊದಲು ಬಂದಿತು, ಸಿದ್ಧಾಂತವು ಅದರ ಬೆನ್ನಹಿಂದೆ ಬಂದಿತು. ೧೯೮೦ನೆಯ ಜೂನ್ ೧ರಂದು ಆತನೂ ಬಾರ್ಗೆಲ್ಡನೂ ಬರ್ಲಿನ್ನಿನ ಹೆದ್ದಾರಿಯ ಸೇತುವೆಯೊಂದರ ಟೊಳ್ಳಿನೊಳಗೆ ಹೊಕ್ಕು, ಉಕ್ಕಿನ ಆ ಗೋಡೆಗಳನ್ನೇ ಬಡಿದು, ಆ ಸದ್ದನ್ನು ಒಂದು ಟೇಪಿನಲ್ಲಿ ಹಿಡಿದರು. 'ಷ್ಟಾಲ್‌ಮೂಸಿಕ್', ಎಂದರೆ ಉಕ್ಕಿನ ಸಂಗೀತ, ಎಂಬ ಹೆಸರಿನಿಂದ ಅದು ಕ್ಯಾಸೆಟ್ಟಾಗಿ ಹೊರಬಂದಿತು. ತಲೆಯ ಮೇಲೆ ಮೋಟಾರುಗಳು ಓಡುತ್ತಿರಲು ಸೇತುವೆಯ ಹೊಟ್ಟೆಯಲ್ಲಿ ಕುಳಿತು ಇಬ್ಬರು ಹುಡುಗರು ಅದನ್ನು ನುಡಿಸಿದರೆಂಬುದು ಎಷ್ಟು ಹುಚ್ಚಾಗಿ ಕಂಡರೂ, ಅಡಿಗೆಯ ಗಡಿಗೆಗೆ ತಂಗಿಯಾದ ಘಟವನ್ನು ಕಚೇರಿಯ ವೇದಿಕೆಗೇರಿಸಿದ ನಾವು ಅದನ್ನು ಕೇವಲ ಹುಚ್ಚೆಂದು ತಳ್ಳಿಹಾಕುವುದು ನ್ಯಾಯವಲ್ಲ.

ಇಬ್ಬರು ಯುವತಿಯರೂ ಬೇಗನೆ ಮೇಳವನ್ನು ಬಿಟ್ಟು ತಮ್ಮದೇ ಗೋಷ್ಠಿಗಳನ್ನು ಕಟ್ಟಿಕೊಂಡರು. ಅವರಿಗೆ ಬದಲಾಗಿ ಹಾಂಬುರ್ಗ್ ನಗರದ ಒಂದು ಮೇಳದಿಂದ ಐನ್‌ಹೈಟನೂ ಮಾರ್ಕ್ ಚುಂಗನೂ ಬಂದರು. ಬರ್ಲಿನ್ನಿನವನೇ ಆದ, ಇನ್ನೂ ಹದಿಹರೆಯದ ಅಲೆಕ್ಸಾಂಡರ್ ಹಾಕೆಯೂ ಸೇರಿದನು. ೧೯೮೧ನೆಯ ಸೆಪ್ಟೆಂಬರಿನಲ್ಲಿ ಟೆಂಪೋಡ್ರೋಮ್ ಎಂಬ ಡೇರೆಯಲ್ಲಿ 'ಪ್ರತಿಭಾವಂತರಾದ ಹವ್ಯಾಸಿಗಳ' ಉತ್ಸವವೊಂದು ನಡೆಯಿತು. ಹವ್ಯಾಸಿಯೆಂಬ ಅರ್ಥದ ಜರ್ಮನ್ ಶಬ್ದದ ಕಾಗುಣಿತವು ಅದರ ಪ್ರಕಟನೆಯಲ್ಲಿಯೇ ತಪ್ಪಾಗಿದ್ದಿತು. ಅದನ್ನು ತಿದ್ದದೆ ಹಾಗೆಯೇ ಉಳಿಸಿಕೊಂಡರು. ಮೂವತ್ತು ವರ್ಷಕ್ಕೂ ಮಿಕ್ಕು ಕೆಂಪು ಶಾಯಿಯಿಂದ ಕಾಗುಣಿತವನ್ನು ತಿದ್ದಿದ ನನ್ನಂಥವನಿಗೆ ಇದು ಸಹಿಸುವ ಮಾತಲ್ಲವಾದರೂ, ತಪ್ಪನ್ನೇ ಧ್ವಜವಾಗಿ ಹಿಡಿದವರ ಧೈರ್ಯವನ್ನು ಒಪ್ಪಬೇಕು.

ಅದೇ ವರ್ಷ 'ಕೊಲಾಪ್ಸ್' ಎಂಬ ಮೊದಲ ದೊಡ್ಡ ಧ್ವನಿಮುದ್ರಿಕೆಯು ಹಾಂಬುರ್ಗಿನ ಸಣ್ಣ ಸಂಸ್ಥೆಯೊಂದರಿಂದ ಹೊರಬಂದಿತು. ಅದರ ಹೊದಿಕೆಯ ಚಿತ್ರದಲ್ಲಿ ಮೇಳದವರು ತಮ್ಮ ಕಬ್ಬಿಣದ ಸಲಕರಣೆಗಳನ್ನೆಲ್ಲ ನೆಲದ ಮೇಲೆ ಹರವಿಕೊಂಡು ನಿಂತಿದ್ದಾರೆ. ಬೆನ್ನಹಿಂದೆ ೧೯೩೬ರ ಒಲಿಂಪಿಕ್ ಕ್ರೀಡೆಗಳಿಗಾಗಿ ಹಿಟ್ಲರನ ಸರ್ಕಾರವು ಕಟ್ಟಿಸಿದ ಮಹಾಕ್ರೀಡಾಂಗಣ. ಆ ಕಲ್ಲಿನ ಕಟ್ಟಡವು ಕುಸಿದಿಲ್ಲ, ಇಂದಿಗೂ ನಿಂತಿದೆ. ಆ ಹೊದಿಕೆಯು ಯಾವ ಪ್ರಬಂಧಕ್ಕಿಂತಲೂ ಸ್ಪಷ್ಟವಾಗಿ ಮಾತನಾಡುತ್ತದೆಂದು ನನ್ನ ಅಭಿಪ್ರಾಯ. ಒಳಗಿನ ಸಂಗೀತವನ್ನು ಕುರಿತು ಹೆಚ್ಚಿಗೆ ಹೇಳಲಾರೆ. ಕಿವಿಗೆ ಹಿತವಾಗಬಾರದೆಂದೇ ಮಾಡಿದ ವಸ್ತುವನ್ನು ಹಿತವಾಗಿಲ್ಲವೆಂದು ದೂರುವುದರಲ್ಲಿ ಅರ್ಥವಿಲ್ಲ.

ಬಾರ್ಗೆಲ್ಡನ ಕಂಠದ ವಿಷಯವಾಗಿ ಒಂದು ಮಾತು. ಶಬ್ದವು ಧ್ವನ್ಯಾತ್ಮಕವೆಂದೂ ವರ್ಣಾತ್ಮಕವೆಂದೂ ಎರಡು ವಿಧವೆಂದು ತರ್ಕಶಾಸ್ತ್ರದ ಮೊದಲ ಪಾಠದಲ್ಲಿಯೇ ಕಲಿಯುತ್ತೇವೆ. ಭೇರಿಯ ಸದ್ದು ಮೊದಲನೆಯದು, ಮನುಷ್ಯನ ಮಾತು ಎರಡನೆಯದು. ಈತನ ಕೂಗು ಇವೆರಡರ ಗಡಿಯ ಮೇಲೆ ನಿಲ್ಲುತ್ತದೆ. ತಗ್ಗಿದ ದನಿಯಲ್ಲಿ, ಒಂದೊಂದು ಅಕ್ಷರವನ್ನೂ ತೂಗಿ ನುಡಿಯುತ್ತಿದ್ದವನು ಕ್ಷಣಾರ್ಧದಲ್ಲಿ ಕಬ್ಬಿಣವನ್ನು ಕಬ್ಬಿಣದ ಮೇಲೆ ಎಳೆದಂತಹ ಕೀಚುಧ್ವನಿಯನ್ನು ಹೊರಡಿಸುವನು. ಅದು ಮನುಷ್ಯನ ಗಂಟಲೋ ಯಂತ್ರವೋ ಎಂದು ಕೇಳುವವನು ನಿಶ್ಚಯಿಸಲಾರನು. ಮೇಳದ ಸಂಗಡಿಗರು ಲೋಹವನ್ನು ಮಾತನಾಡಿಸಲು ಯತ್ನಿಸಿದರೆ, ಈತನು ಮಾತನ್ನು ಲೋಹವಾಗಿಸಿದನು. ೧೯೮೩ರ 'ಓ. ಟಿ. ಎಂಬ ರೋಗಿಯ ಚಿತ್ರಗಳು' ಎಂಬ ಮುದ್ರಿಕೆಯ ಹೆಸರು, ಆಸ್ಟ್ರಿಯದ ಗುಗ್ಗಿಂಗ್ ಮಾನಸಿಕ ಚಿಕಿತ್ಸಾಲಯದಲ್ಲಿದ್ದು ಚಿತ್ರಕಾರನೆಂದು ಹೆಸರುಪಡೆದ ಓಸ್ವಾಲ್ಡ್ ಚಿರ್ಟ್ನರನನ್ನು ನೆನೆದು ಇಟ್ಟದ್ದು. ೧೯೮೫ರಲ್ಲಿ ಬಂದ 'ಹಾಲ್ಬರ್ ಮೆನ್ಷ್', ಎಂದರೆ ಅರ್ಧಮಾನವ, ಎಂಬುದರ ಶೀರ್ಷಿಕೆಗೀತವಾದರೋ ಯಾವ ವಾದ್ಯವೂ ಇಲ್ಲದೆ ಬರಿಯ ಕಂಠಗಳ ಮೇಳದಿಂದಲೇ ಕಟ್ಟಿದ್ದು. ಕಬ್ಬಿಣ ಬಡಿಯುವವರೆಂದು ಹೆಸರಾದವರು ಐದು ವರ್ಷಗಳೊಳಗೆ ಕಬ್ಬಿಣವನ್ನು ಕೆಳಗಿಡಲೂ ಕಲಿತರು. ಅದೇ ವರ್ಷ ಜಪಾನಿಗೆ ಹೋದಾಗ ಸೋಗೋ ಇಷಿಯಿ ಎಂಬ ನಿರ್ದೇಶಕನು ಪಾಳುಬಿದ್ದ ಕಾರ್ಖಾನೆಯಲ್ಲಿ ಇವರನ್ನು ನಿಲ್ಲಿಸಿ, ಅದೇ ಹೆಸರಿನ ಚಲಚ್ಚಿತ್ರವನ್ನು ತೆಗೆದನು.

ಇದಕ್ಕೆ ಮುನ್ನ, ೧೯೮೪ನೆಯ ಜನವರಿ ೩ರಂದು ಲಂಡನ್ನಿನ ಸಮಕಾಲೀನ ಕಲೆಗಳ ಸಂಸ್ಥೆಯಲ್ಲಿ ನಡೆದ ಪ್ರಸಂಗವೊಂದನ್ನು ಬಿಡುವ ಹಾಗಿಲ್ಲ. ಮೇಳದ ಕೆಲವರೂ ಅವರ ಆಂಗ್ಲ ಮಿತ್ರರೂ ಕೂಡಿ 'ಕಂಠ ಮತ್ತು ಯಂತ್ರಗಳಿಗಾಗಿ ಒಂದು ಕಚೇರಿ' ಎಂದು ಪ್ರಕಟಿಸಿ, ಕೊರೆಯುವ ಯಂತ್ರಗಳಿಂದ ರಂಗವನ್ನೇ ಕೊರೆಯಲಾರಂಭಿಸಿದರು. ಅರ್ಧ ಗಂಟೆಯಾಗುವುದರೊಳಗಾಗಿ ಸಂಸ್ಥೆಯವರು ಆಟವನ್ನು ನಿಲ್ಲಿಸಿದರು. ಸಭಿಕರು ರೊಚ್ಚಿಗೆದ್ದು ಗಲಭೆಯಾಯಿತು. ಇದನ್ನು ಒಂದು ವೀರಕಥೆಯಂತೆ ಹೇಳುವವರಿದ್ದಾರೆ. ೨೦೦೭ರಲ್ಲಿ ಅದೇ ಸಂಸ್ಥೆಯಲ್ಲಿ ಆ ಗಲಭೆಯನ್ನು ನಟರಿಂದ ಮತ್ತೆ ಆಡಿಸಿ ತೋರಿಸಿದರೆಂದರೆ ಅದರ ಕೀರ್ತಿಯನ್ನು ಊಹಿಸಬಹುದು. ನನಗೆ ಅದು ಈ ಮೇಳದ ಅತ್ಯಂತ ಬಡವಾದ ದಿನವೆಂದು ತೋರುತ್ತದೆ. ತಾನೇ ಬಿದ್ದದ್ದರ ಸದ್ದನ್ನು ಕೇಳಿಸುವುದು ಬೇರೆ, ಪರರ ಮನೆಯ ನೆಲವನ್ನು ಅಗೆಯುವುದು ಬೇರೆ. ಬರ್ಲಿನ್ನಿನ ಪಾಳಿನಲ್ಲಿ ಹುಟ್ಟಿದ ಸಂಗೀತಕ್ಕೆ ಲಂಡನ್ನಿನ ಸುಭದ್ರವಾದ ರಂಗವನ್ನು ಒಡೆಯುವ ಅಗತ್ಯವೇನಿದ್ದಿತೋ ನಾನರಿಯೆ.

ಬಾರ್ಗೆಲ್ಡನ ಜೀವನದ ಇನ್ನೊಂದು ಧಾರೆಯು ಇಷ್ಟರಲ್ಲಿಯೇ ಆರಂಭವಾಗಿದ್ದಿತು. ನಿಕ್ ಕೇವ್ ಎಂಬ ಆಸ್ಟ್ರೇಲಿಯದ ಗಾಯಕನು ಹಾಲೆಂಡಿನಲ್ಲಿದ್ದಾಗ ದೂರದರ್ಶನದಲ್ಲಿ ಈತನನ್ನು ಕಂಡು ಬೆರಗಾದನು. ತರುವಾಯ ತನ್ನ ಮೇಳದೊಡನೆ ಬರ್ಲಿನ್ನಿಗೇ ಬಂದು ನೆಲೆಸಿದನು. ೧೯೮೩ರಲ್ಲಿ ಕೇವನು 'ಬ್ಯಾಡ್ ಸೀಡ್ಸ್' ಎಂಬ ಹೊಸ ಮೇಳವನ್ನು ಕಟ್ಟಿದಾಗ ಬಾರ್ಗೆಲ್ಡನು ಅದರಲ್ಲಿ ಗಿಟಾರುವಾದಕನಾದನು. ೨೦೦೩ರವರೆಗೆ, ಸುಮಾರು ಇಪ್ಪತ್ತು ವರ್ಷ, ಎರಡು ಮೇಳಗಳಲ್ಲಿಯೂ ದುಡಿದನು. ಎರಡು ದೋಣಿಗಳಲ್ಲಿ ಕಾಲಿಟ್ಟವನು ಮುಳುಗುವನೆಂಬ ಗಾದೆಯನ್ನು ಈತನು ಸುಳ್ಳುಮಾಡಿದನು. ಅಲ್ಲಿ ಈತನ ಗಿಟಾರು ರಾಗವನ್ನು ಬೆಳೆಯಿಸುವುದಿಲ್ಲ. ಎಲ್ಲೋ ಬಾಗಿಲು ಕಿರ್ರೆಂದಂತೆ, ದೂರದಲ್ಲಿ ರೈಲು ಹಾದಂತೆ, ಹಾಡಿನ ಹಿಂದೆ ನೆರಳಾಗಿ ನಿಲ್ಲುತ್ತದೆ. ೧೯೯೦ರ 'ದಿ ವೀಪಿಂಗ್ ಸಾಂಗ್' ಎಂಬ ಗೀತವು ತಂದೆಮಕ್ಕಳ ಸಂವಾದ. ಅದರಲ್ಲಿ ಮಗನ ಮಾತುಗಳನ್ನು ಕೇವನೂ ತಂದೆಯ ಮಾತುಗಳನ್ನು ಬಾರ್ಗೆಲ್ಡನೂ ಹಾಡಿದ್ದಾರೆ. ವಾಸ್ತವವಾಗಿ ಕೇವನೇ ವಯಸ್ಸಿನಲ್ಲಿ ಒಂದು ವರ್ಷಕ್ಕೂ ಮಿಕ್ಕು ಹಿರಿಯನು. ಆದರೆ ಆ ಗಂಭೀರವಾದ ಕಂಠವನ್ನು ಕೇಳಿದವರಿಗೆ ಮಗನೇ ತಂದೆಗಿಂತ ದೊಡ್ಡವನೆಂಬ ಸಂಗತಿ ಹೊಳೆಯುವುದೇ ಇಲ್ಲ. ವಿಮ್ ವೆಂಡರ್ಸನು ಬರ್ಲಿನ್ನನ್ನೇ ನಾಯಿಕೆಯನ್ನಾಗಿ ಮಾಡಿ ೧೯೮೭ರಲ್ಲಿ ತೆಗೆದ ಪ್ರಸಿದ್ಧ ಚಿತ್ರದಲ್ಲಿಯೂ ಈ ಮೇಳದ ಕಚೇರಿಯೊಂದನ್ನು ಕಾಣಬಹುದು.

ಇತ್ತ ಸ್ವಂತ ಮೇಳವು ನಾಟಕರಂಗದ ಕಡೆಗೆ ತಿರುಗಿತು. ಪೂರ್ವ ಜರ್ಮನಿಯ ಹೈನರ್ ಮ್ಯುಲ್ಲರ್ (೧೯೨೯–೧೯೯೫) ಆ ಕಾಲದ ಜರ್ಮನ್ ನಾಟಕಕಾರರಲ್ಲಿ ಅಗ್ರಗಣ್ಯನು. ಷೇಕ್ಸ್‌ಪಿಯರನ ಹ್ಯಾಮ್ಲೆಟನನ್ನು ತುಂಡುತುಂಡಾಗಿಸಿ ಆತನು ೧೯೭೭ರಲ್ಲಿ ಬರೆದ 'ಹ್ಯಾಮ್ಲೆಟ್ ಯಂತ್ರ'ವನ್ನು ೧೯೯೦ರಲ್ಲಿ ಪೂರ್ವ ಜರ್ಮನಿಯ ಆಕಾಶವಾಣಿಗಾಗಿ ಈ ಮೇಳವು ಧ್ವನಿನಾಟಕವಾಗಿಸಿತು. ಹ್ಯಾಮ್ಲೆಟನ ಪಾತ್ರ ಬಾರ್ಗೆಲ್ಡನದು. ಓಫೀಲಿಯ ಪಾತ್ರಕ್ಕೆ ಹಳೆಯ ಸಂಗಾತಿ ಗುಡ್ರುನ್ ಗುಟ್ ಬಂದಳು. ಆ ವರ್ಷದ ಅಕ್ಟೋಬರಿನಲ್ಲಿ ಪೂರ್ವ ಜರ್ಮನಿಯೆಂಬ ರಾಜ್ಯವೇ ಇಲ್ಲವಾಯಿತೆಂಬುದನ್ನು ನೆನೆದರೆ, ಕುಸಿಯುವ ಕಟ್ಟಡದ ಹೆಸರುಳ್ಳವರು ಕುಸಿಯುತ್ತಿದ್ದ ರಾಜ್ಯದ ಆಕಾಶವಾಣಿಯಲ್ಲಿ ನುಡಿಸಿದರೆಂಬುದರ ಸ್ವಾರಸ್ಯವು ಹೊಳೆಯುವುದು. ಗೋಡೆಯು ೧೯೮೯ನೆಯ ನವೆಂಬರ್ ೯ರಂದು ತೆರೆಯಿತು. ಅದೇ ಡಿಸೆಂಬರಿನಲ್ಲಿ ಪೂರ್ವ ಬರ್ಲಿನ್ನಿನ ಎಲೆಕ್ಟ್ರೊಕೋಲೆ ಎಂಬ ಕಾರ್ಖಾನೆಯ ಸಭಾಗೃಹದಲ್ಲಿ ಮೇಳದವರು ಅಲ್ಲಿಯ ಜನರ ಮುಂದೆ ನುಡಿಸಿದರು. ಹತ್ತು ವರ್ಷಗಳಿಂದ ಪಕ್ಕದ ಓಣಿಯಲ್ಲಿದ್ದೂ ಕಾಣದಿದ್ದ ನೆರೆಯವರು!

೧೯೯೦ರ ದಶಕದ ಸಂಗತಿಗಳನ್ನು ಬೇಗನೆ ಹೇಳಿಬಿಡಬಹುದು. ಚುಂಗನೂ ಐನ್‌ಹೈಟನೂ ಒಬ್ಬರ ಹಿಂದೊಬ್ಬರು ಮೇಳವನ್ನು ಬಿಟ್ಟರು. ಯೋಖೆನ್ ಆರ್ಬೈಟ್ ಮತ್ತು ರುಡಾಲ್ಫ್ ಮೋಸರ್ ಎಂಬವರು ಬಂದು ಸೇರಿದರು. ೨೦೦೦ದ 'ಸೈಲೆನ್ಸ್ ಈಸ್ ಸೆಕ್ಸಿ' ಎಂಬ ಮುದ್ರಿಕೆಯ ಹೆಸರಿನಲ್ಲಿ ಮೌನವನ್ನೇ ಮೋಹಿನಿಯಾಗಿ ಕರೆದಿದ್ದಾರೆ. ಅದರ ಮುಖ್ಯಗೀತದ ನಡುವೆ ವಾದ್ಯಗಳೆಲ್ಲ ನಿಂತು, ಬಾರ್ಗೆಲ್ಡನು ಸಿಗರೇಟು ಸೇದುವ ಸಣ್ಣ ಸದ್ದೂ ಅನಂತರ ನಿಶ್ಶಬ್ದವೂ ಕೇಳಬರುತ್ತವೆ. ಸಿಗರೇಟಿನ ವಿಷಯದಲ್ಲಿ ನನ್ನ ಅಸಮ್ಮತಿಯನ್ನು ದಾಖಲೆಮಾಡುತ್ತ, ಆ ನಿಶ್ಶಬ್ದದ ವಿಷಯದಲ್ಲಿ ತಲೆದೂಗುತ್ತೇನೆ. ಪೀಪಾಯಿಯನ್ನು ಇಪ್ಪತ್ತು ವರ್ಷ ಬಡಿದ ಕಿವಿಗೇ ಸಿಗರೇಟಿನ ತುದಿ ಉರಿಯುವ ಸದ್ದು ಸಂಗೀತವಾಗಿ ಕೇಳಿಸಿತು.

೨೦೦೨ರಲ್ಲಿ ಆತನೂ ಆತನ ಪತ್ನಿಯಾದ ಎರಿನ್ ಜು ಎಂಬಾಕೆಯೂ ಕೂಡಿ ಹೊಸದೊಂದು ಏರ್ಪಾಟನ್ನು ಮಾಡಿದರು. ಧ್ವನಿಮುದ್ರಣದ ಕಂಪೆನಿಗಳ ಹಂಗನ್ನು ಬಿಟ್ಟು, ಕೇಳುಗರಿಂದಲೇ ಅಂತರ್ಜಾಲದ ಮೂಲಕ ಮುಂಗಡವಾಗಿ ಹಣವನ್ನು ಕೂಡಿಸಿ, ಅವರ ಕಣ್ಣೆದುರಿಗೇ ಸಂಗೀತವನ್ನು ಸಿದ್ಧಪಡಿಸಿ ಅವರಿಗೆ ಕಳುಹಿಸುವುದು. ಗ್ರಂಥಮಾಲೆಗಳ ಚಂದಾದಾರರನ್ನು ಬಲ್ಲ ನಮ್ಮ ವಾಚಕರಿಗೆ ಇದರಲ್ಲಿ ಹೊಸತೇನೂ ಕಾಣದಿರಬಹುದು. ಸಂಗೀತದ ವ್ಯಾಪಾರದಲ್ಲಿ ಮಾತ್ರ ಅದು ಆಗ ಅಪೂರ್ವವಾಗಿದ್ದಿತು. ೨೦೦೭ರ ಮುದ್ರಿಕೆಯು ಹೀಗೆ ಚಂದಾದಾರರ ಬಲದಿಂದಲೇ ಹೊರಬಂದಿತು.

ಈ ಚಂದಾದಾರರನ್ನು ಕೂಡಿಸಿಕೊಂಡು ೨೦೦೪ನೆಯ ನವೆಂಬರಿನಲ್ಲಿ ನಡೆಯಿಸಿದ ಕಚೇರಿಯು ಈ ಚರಿತ್ರೆಯ ಮುಖ್ಯಸ್ಥಾನಗಳಲ್ಲೊಂದು. ಬರ್ಲಿನ್ನಿನ ನಟ್ಟನಡುವೆ ಪ್ರಶ್ಯದ ಅರಸರ ಅರಮನೆಯಿದ್ದಿತು. ಯುದ್ಧದಲ್ಲಿ ಅದು ಜಖಂಗೊಂಡುದನ್ನು ಪೂರ್ವ ಜರ್ಮನಿಯ ಸರ್ಕಾರವು ೧೯೫೦ರಲ್ಲಿ ಸಿಡಿಮದ್ದಿಟ್ಟು ಕೆಡವಿತು. ಆ ನಿವೇಶನದಲ್ಲಿಯೇ ಗಾಜು ಉಕ್ಕುಗಳ 'ಗಣರಾಜ್ಯದ ಅರಮನೆ'ಯನ್ನು ಕಟ್ಟಿ ೧೯೭೬ರಲ್ಲಿ ತೆರೆಯಿತು. ಶಾಸನಸಭೆಯೂ ನಾಟಕಶಾಲೆಯೂ ಭೋಜನಗೃಹಗಳೂ ಅದರಲ್ಲಿದ್ದುವು. ೧೯೯೦ರಲ್ಲಿ ಅದರೊಳಗಿನ ಆಸ್ಬೆಸ್ಟಾಸ್ ವಿಷಕಾರಿಯೆಂದು ಬಾಗಿಲು ಹಾಕಿದರು. ಆ ವಸ್ತುವನ್ನು ಕಿತ್ತುಹಾಕಿದ ಮೇಲೆ ಉಳಿದದ್ದು ಬರಿಯ ಉಕ್ಕಿನ ಅಸ್ಥಿಪಂಜರ. ಕೆಡವಬೇಕೆಂದು ನಿರ್ಣಯವಾಗಿದ್ದ ಆ ಬರಿದಾದ ಕಟ್ಟಡದೊಳಗೆ ಮೇಳದವರು ನುಡಿಸಿದರು. ಸುಮಾರು ನೂರು ಮಂದಿ ಚಂದಾದಾರರು ಗಾಯಕವೃಂದವಾಗಿ ದನಿಗೂಡಿಸಿದರು. ಇದನ್ನು ಲಂಡನ್ನಿನ ಹುಡುಗಾಟದೊಡನೆ ಹೋಲಿಸಿ ನೋಡಿರಿ. ಇಲ್ಲಿ ಯಾರೂ ಏನನ್ನೂ ಒಡೆಯಲಿಲ್ಲ. ೨೦೦೬ರಿಂದ ೨೦೦೮ರವರೆಗೆ ಸರ್ಕಾರದ ಗುತ್ತಿಗೆದಾರರೇ ಆ ಕಟ್ಟಡವನ್ನು ಬಿಚ್ಚಿ ಸಾಗಿಸಿದರು. ಆಮೇಲೆ ಅಲ್ಲಿ ಹಳೆಯ ಅರಮನೆಯ ಮುಖವನ್ನೇ ಹೋಲುವ ಹೊಸದೊಂದು ಭವನವೆದ್ದಿದೆ. ಹುಂಬೋಲ್ಟ್ ಫೋರಮ್ ಎಂದು ಅದರ ಹೆಸರು. ನೊಯ್‌ಬೌ ಈಗ ಆಲ್ಟ್‌ಬೌ ವೇಷದಲ್ಲಿ ನಿಂತಿದೆ.

ಬಾರ್ಗೆಲ್ಡನ ಕೃತಿಗಳಲ್ಲಿ ನಾನು ಅತಿಶಯವೆಂದು ಎಣಿಸುವುದು ೨೦೧೪ರ 'ಲಮೆಂಟ್', ಎಂದರೆ ಪ್ರಲಾಪ. ಮೊದಲನೆಯ ಮಹಾಯುದ್ಧದ ಶತಮಾನದ ನೆನಪಿಗಾಗಿ ಬೆಲ್ಜಿಯಮ್ಮಿನ ಫ್ಲಾಂಡರ್ಸ್ ಪ್ರಾಂತದ ಡಿಕ್ಸ್‌ಮೌಡೆ ಎಂಬ ಊರಿನವರು ಇದನ್ನು ಮಾಡಿಕೊಡಬೇಕೆಂದು ಕೇಳಿದರು. ಆ ಯುದ್ಧದಲ್ಲಿ ಆ ಊರು ಸಂಪೂರ್ಣವಾಗಿ ನೆಲಸಮವಾಗಿ, ಅನಂತರ ಹೊಸದಾಗಿ ಕಟ್ಟಲ್ಪಟ್ಟಿತು. ೨೦೧೪ನೆಯ ನವೆಂಬರ್ ೮ರಂದು ಅಲ್ಲಿಯೇ ಮೊದಲ ಪ್ರಯೋಗವಾಯಿತು. ಯುದ್ಧವನ್ನು ಕುರಿತು ಹಾಡುವವರು ಸಾಮಾನ್ಯವಾಗಿ ವೀರರಸಕ್ಕೋ ಕರುಣರಸಕ್ಕೋ ಜಾರುವರು. ಇವರು ದಾಖಲೆಗಳನ್ನು ಹಿಡಿದರು. ಜರ್ಮನಿಯ ಕೈಸರನೂ ರಷ್ಯದ ಜಾರನೂ ಯುದ್ಧದ ಹೊಸ್ತಿಲಲ್ಲಿ ದಾಯಾದಿಗಳಂತೆ 'ವಿಲ್ಲಿ', 'ನಿಕ್ಕಿ' ಎಂದು ಮುದ್ದುಹೆಸರಿನಿಂದ ರುಜುಮಾಡಿ ಪರಸ್ಪರ ಕಳುಹಿಸಿದ ತಂತಿಗಳನ್ನೇ ಹಾಡಾಗಿಸಿದರು. ಮುಳ್ಳುತಂತಿಯನ್ನು ಬಿಗಿದು ಮಾಡಿದ ಹಾರ್ಪನ್ನು ನುಡಿಸಿದರು. ತತವಾದ್ಯದ ಇಂತಹ ಭೇದವನ್ನು ಭರತಮುನಿಯು ಕಂಡಿರಲಾರನು.

ಇದರಲ್ಲಿ ಬರಿಯ ಗಣಿತದಿಂದ ಕಟ್ಟಿದ ಭಾಗವೊಂದಿದೆ. ಯುದ್ಧದಲ್ಲಿ ತೊಡಗಿದ ಒಂದೊಂದು ರಾಜ್ಯಕ್ಕೂ ಒಂದೊಂದು ಪ್ಲಾಸ್ಟಿಕ್ ಕೊಳವೆ. ಒಂದೊಂದು ದಿನಕ್ಕೆ ಒಂದೊಂದು ಪೆಟ್ಟು. ರಾಜ್ಯವು ಯುದ್ಧಕ್ಕಿಳಿದಾಗ ಅದರ ಕೊಳವೆ ನುಡಿಯತೊಡಗುತ್ತದೆ, ಹಿಂದೆಗೆದಾಗ ನಿಲ್ಲುತ್ತದೆ. ಆಸ್ಟ್ರಿಯವು ಸರ್ಬಿಯದ ಮೇಲೆ ಯುದ್ಧಸಾರಿದ ೧೯೧೪ನೆಯ ಜುಲೈ ೨೮ರಿಂದ ೧೯೧೮ನೆಯ ನವೆಂಬರ್ ೧೧ರವರೆಗೆ, ಎರಡು ದಿನಗಳನ್ನೂ ಸೇರಿಸಿಕೊಂಡರೆ, ೧,೫೬೮ ದಿನಗಳಾಗುತ್ತವೆ. ಚತುರಶ್ರದಲ್ಲಿ ಎಣಿಸಿದರೆ ಸರಿಯಾಗಿ ೩೯೨ ಆವರ್ತಗಳು. ನಿಮಿಷಕ್ಕೆ ೧೨೦ ಪೆಟ್ಟಿನಂತೆ ನಾಲ್ಕು ವರ್ಷಗಳ ಸಂಹಾರವು ಹದಿಮೂರು ನಿಮಿಷಗಳಲ್ಲಿ ಮುಗಿಯುತ್ತದೆ. ಸ್ವರವಿಲ್ಲ, ರೋದನವಿಲ್ಲ, ಏಕಪ್ರಕಾರವಾದ ಕೊಳವೆಯ ಸದ್ದು. ಹಳೆಯ ಅಭ್ಯಾಸದಂತೆ ನಾನು ಕಾಗದ ಹಿಡಿದು ಇನ್ನೊಂದು ಲೆಕ್ಕವನ್ನೂ ಮಾಡಿದೆನು. ನಮ್ಮ ಮೈಸೂರಿನ ಲ್ಯಾನ್ಸರ್ಸ್ ಕುದುರೆಪಡೆಯು ಜೋಧಪುರದವರೊಡನೆ ಪ್ಯಾಲೆಸ್ಟೈನಿನ ಹೈಫಾ ಪಟ್ಟಣವನ್ನು ಹಿಡಿದದ್ದು ೧೯೧೮ನೆಯ ಸೆಪ್ಟೆಂಬರ್ ೨೩ರಂದು. ಅದು ೧,೫೧೯ನೆಯ ಪೆಟ್ಟು. ಅಲ್ಲಿಂದ ಮುಂದೆ ಉಳಿಯುವುದು ನಲವತ್ತೊಂಬತ್ತೇ ಪೆಟ್ಟುಗಳು, ಇಪ್ಪತ್ತೈದು ಸೆಕೆಂಡುಗಳೊಳಗಿನ ಮಾತು. ನಮ್ಮ ಶಾಲೆಯ ಪುಸ್ತಕಗಳಲ್ಲಿ ಒಂದು ಸಾಲನ್ನು ಪಡೆಯುವ ಆ ದಿನವು ಇಲ್ಲಿ ಅರ್ಧ ಸೆಕೆಂಡು.

ಮತ್ತೊಂದು ಭಾಗಕ್ಕೆ 'ಪಾತೆರ್ ಪೆಕ್ಕಾವಿ' ಎಂದು ಹೆಸರು. 'ತಂದೆಯೇ, ತಪ್ಪುಮಾಡಿದೆನು' ಎಂದು ಲ್ಯಾಟಿನ್ ಭಾಷೆಯ ಅರ್ಥ. ಬೈಬಲಿನ ದುಂದುಗಾರ ಮಗನ ಕಥೆಯು ಇದರ ಮೂಲ. ಡಿಕ್ಸ್‌ಮೌಡೆಯಲ್ಲಿಯೇ ಮಣ್ಣಾದನೆಂದು ಪ್ರಸಿದ್ಧನಾದ ೧೬ನೆಯ ಶತಮಾನದ ವಾಗ್ಗೇಯಕಾರ ಕ್ಲೆಮೆನ್ಸನು ಈ ಕಥೆಗೆ ಮಾಡಿದ ಸ್ವರರಚನೆಯನ್ನು ತೆಗೆದುಕೊಂಡು, ಅದರ ಮೇಲೆ ಹಳೆಯ ಕಂಠಗಳನ್ನು ಕೂಡಿಸಿದ್ದಾರೆ. ಆ ಕಂಠಗಳು ಜರ್ಮನರ ಸೆರೆಯಲ್ಲಿದ್ದ ಯುದ್ಧಕೈದಿಗಳವು. ೧೯೧೫ರಿಂದ ೧೯೧೮ರವರೆಗೆ ವಿಲ್‌ಹೆಲ್ಮ್ ಡೋಗೆನ್ ಎಂಬ ಪಂಡಿತನ ಪ್ರೇರಣೆಯಿಂದ ರಚಿತವಾದ ಆಯೋಗವೊಂದು ಸೆರೆಮನೆಗಳಲ್ಲಿ ಸಂಚರಿಸಿ, ಕೈದಿಗಳನ್ನು ಕೊಂಬಿನ ಮುಂದೆ ನಿಲ್ಲಿಸಿ, ಅವರವರ ಭಾಷೆಗಳಲ್ಲಿ ಮಾತನಾಡಿಸಿ ಧ್ವನಿಯನ್ನು ಮುದ್ರಿಸಿಕೊಂಡಿತು. ಅನೇಕರಿಂದ ಹೇಳಿಸಿದ್ದು ಈ ದುಂದುಗಾರ ಮಗನ ಕಥೆಯನ್ನೇ. ಒಂದೇ ಕಥೆಯಿದ್ದರೆ ಭಾಷೆಗಳನ್ನು ಹೋಲಿಸುವುದು ಸುಲಭವಷ್ಟೆ. ಇದು ಭಾರತೀಯ ಭಾಷಾಜಿಜ್ಞಾಸುಗಳಿಗೆ ಪರಿಚಿತವಾದ ಕಥೆ: ಗ್ರಿಯರ್ಸನ್ ಸಾಹೇಬನು ತನ್ನ ಭಾರತೀಯ ಭಾಷಾಸಮೀಕ್ಷೆಯಲ್ಲಿ ಕನ್ನಡವೂ ಸೇರಿದಂತೆ ಭಾಷೆ ಉಪಭಾಷೆಗಳಿಗೆಲ್ಲ ಮಾದರಿಯಾಗಿ ಹಿಡಿದದ್ದು ಇದೇ ಕಥೆಯನ್ನು. ಬರ್ಲಿನ್ನಿನ ದಕ್ಷಿಣಕ್ಕಿರುವ ವ್ಯೂನ್ಸ್‌ಡಾರ್ಫ್ ಎಂಬಲ್ಲಿ ಭಾರತದ ಸಿಪಾಯಿಗಳಿದ್ದ 'ಅರ್ಧಚಂದ್ರ ಶಿಬಿರ'ದಲ್ಲಿಯೂ ಈ ಆಯೋಗವು ಧ್ವನಿಗಳನ್ನು ಮುದ್ರಿಸಿತು. ಅವುಗಳಲ್ಲಿ ಪಂಜಾಬಿನ ರೈತನೊಬ್ಬನು ತನ್ನ ನಾಡನ್ನೂ ಬೆಣ್ಣೆಯನ್ನೂ ನೆನೆದು ಆಡಿದ ಮಾತುಗಳು ಪ್ರಸಿದ್ಧವಾಗಿವೆ.

ಮನೆಗೆ ಮರಳಿದ ಮಗನ ಕಥೆಯನ್ನು, ಮನೆಗೆ ಮರಳುವೆನೋ ಇಲ್ಲವೋ ಅರಿಯದ ಕೈದಿಗಳ ಬಾಯಿಂದ ಹೇಳಿಸಿದ ಪಂಡಿತರಿಗೆ ಭಾಷೆಯ ಮಾದರಿಯಷ್ಟೇ ಬೇಕಾಗಿದ್ದಿತು. ಅದರೊಳಗಿನ ಸಂಕಟವನ್ನು ಅವರು ಕೇಳಲಿಲ್ಲ. ನೂರು ವರ್ಷದ ಮೇಲೆ ಅದನ್ನು ಕೇಳಿಸಿದವನು ಯೌವನದಲ್ಲಿ ಕೂಗಿ ಕೂಗಿ ಹೆಸರಾದ ಬಾರ್ಗೆಲ್ಡನು. ಇಲ್ಲಿ ಆತನು ಕೂಗುವುದಿಲ್ಲ. ತಂತಿವಾದ್ಯಗಳು ಮೆಲ್ಲನೆ ಸಾಗುತ್ತಿರಲು, ಸವೆದ ಮುದ್ರಿಕೆಗಳ ಕರಕರದೊಳಗಿಂದ ಆ ಕಂಠಗಳು ಬಂದು ಹೋಗುತ್ತವೆ. ಆ ಮೂಲಮುದ್ರಿಕೆಗಳ ಸಂಗ್ರಹವು ಈಚೆಗೆ, ಮೇಲೆ ಹೇಳಿದ ಹುಂಬೋಲ್ಟ್ ಫೋರಮ್ಮಿಗೆ ಬಂದು ಸೇರಿದೆ.

ಈತನ ಇತರ ವ್ಯವಸಾಯಗಳು ಹಲವು. ಕೆಲವು ವರ್ಷ ಸ್ಯಾನ್‌ಫ್ರಾನ್ಸಿಸ್ಕೋ, ಬೀಜಿಂಗ್ ನಗರಗಳಲ್ಲಿ ವಾಸಮಾಡಿ ಬರ್ಲಿನ್ನಿಗೆ ಮರಳಿದನು. ಮನೆಕಟ್ಟುವ ಸಾಮಾನುಗಳನ್ನು ಮಾರುವ ಹಾರ್ನ್‌ಬಾಖ್ ಎಂಬ ಅಂಗಡಿಯ ಬೆಲೆಪಟ್ಟಿಯನ್ನು ಜಾಹೀರಾತಿಗಾಗಿ ಮಹಾಕಾವ್ಯದ ಗಾಂಭೀರ್ಯದಿಂದ ಓದಿದನು. ಸುತ್ತಿಗೆ ಬೈರಿಗೆಗಳಿಗೆ ಈತನಿಗಿಂತ ತಕ್ಕ ವಾಚಕನು ದೊರೆಯಲಾರನು. ಸಂಚಾರದ ಅನುಭವಗಳನ್ನು 'ಯೂರೋಪಾ ಕ್ರೊಯ್ಟ್ಸ್‌ವೈಸೆ' ಎಂಬ ಪುಸ್ತಕವಾಗಿ ೨೦೦೯ರಲ್ಲಿ ಪ್ರಕಟಿಸಿದನು. ಕಾರ್ಸ್ಟೆನ್ ನಿಕೊಲಾಯಿ ಎಂಬ ಕಲಾವಿದನೊಡನೆ ೨೦೧೦ರಲ್ಲಿ ಒಂದು ಮುದ್ರಿಕೆಯನ್ನೂ, ಇಟಲಿಯ ತೇಹೋ ತೇಆರ್ದೋ ಎಂಬ ಸಂಗೀತಕಾರನೊಡನೆ ೨೦೧೩ರಿಂದೀಚೆಗೆ ಹಲವನ್ನೂ ಮಾಡಿದನು. ೨೦೨೦ರ 'ಆಲ್ಲೆಸ್ ಇನ್ ಆಲ್ಲೆಮ್' ಎಂಬ ಮೇಳದ ಮುದ್ರಿಕೆಯಲ್ಲಿ ಬರ್ಲಿನ್ನಿನ ಸ್ಥಳಗಳೇ ಗೀತಗಳ ಹೆಸರುಗಳಾಗಿವೆ. ೧೯೧೯ರಲ್ಲಿ ರೋಸಾ ಲುಕ್ಸೆಂಬುರ್ಗಳ ಶವವನ್ನು ಎಸೆದ ಲಾಂಡ್‌ವೇರ್ ಕಾಲುವೆಯೂ ಅವುಗಳಲ್ಲೊಂದು. ರಂಗದ ಮೇಲೆ ಆಶುವಾಗಿ ಹುಟ್ಟಿದ ತುಣುಕುಗಳಿಂದ ಬೆಳೆಯಿಸಿದ 'ರಾಂಪೆನ್' ೨೦೨೪ರ ಏಪ್ರಿಲಿನಲ್ಲಿ, ಮೇಳಕ್ಕೆ ನಲವತ್ತನಾಲ್ಕು ವರ್ಷಗಳು ತುಂಬಿದ ತಿಂಗಳಲ್ಲಿ ಹೊರಬಂದಿತು. ಅದೇ ವರ್ಷ ತೇಆರ್ದೋನೊಡನೆ ಮಾಡಿದ ಇನ್ನೊಂದು ಮುದ್ರಿಕೆಗೆ ಇಬ್ಬರೂ ತಂದೆತಾಯಿಗಳು ಇಟ್ಟ ತಮ್ಮ ಹೆಸರುಗಳನ್ನೇ ಇಟ್ಟಿದ್ದಾರೆ: 'ಕ್ರಿಸ್ತಿಯಾನ್ ಮತ್ತು ಮಾವ್ರೋ.'